ಒಂದೇ ದಮ್ಮಿನ ಮಾತು

ಮೊನ್ನೆ ಮಧ್ಯಾಹ್ನ ಬ್ಯಾಡಗಿ ಮೆಣಸಿನಕಾಯಿಯ ತೊಟ್ಟು ಮುರಿಯುತ್ತ ಕೂತಿದ್ದೆ. ಎದುರಿಗೆ ಟಿ.ವಿ. ತನ್ನ ಪಾಡಿಗೆ ತಾನು ಯಾವುದೋ ಹಳೆಯ ಸಿನಿಮಾ ಹಾಕಿಕೊಂಡಿತ್ತು. ಘಾಟಿಗೆ ಮೂರು ಸಲ ಸೀನಿ, ಸೆರಗಿನಿಂದ ಕಣ್ಣೊರೆಸಿಕೊಂಡು ನೋಡಿದರೆ... ಅಯ್ಯ ಶಿವನೇ, ಪರದೆಯ ಮೇಲೆ ಕಾಕಾ!

ಸ್ವಂತ ಕಾಕಾ ಅಲ್ಲ. ರಾಣೆಬೆನ್ನೂರಿನಲ್ಲಿ ನಮ್ಮ ಗೋಡೆಗೆ ಗೋಡೆ ಹಚ್ಚಿದ ಪಕ್ಕದ ಮನೆಯವರು. ಎರಡು ಸಾವಿರದ ಇಸವಿ ದಾಟಿ ಮೂರ್ನಾಲ್ಕು ವರ್ಷವಾಗಿತ್ತು, ನಾನು ಕಾಲೇಜಿಗೆ ಹೋಗುತ್ತಿದ್ದೆ. ಅದಕ್ಕೂ ಮೊದಲು ಅವರು ಜಿಲ್ಲೆಯ ಕಬಡ್ಡಿ ತಂಡದಲ್ಲಿದ್ದವರು. ಮೊಣಕಾಲು ಹೋದ ಮೇಲೆ ಮೈದಾನ ಬಿಟ್ಟು ನಾಟಕ ಕಂಪನಿ ಸೇರಿದ್ದರು. ಕಾಲು ಹೋದರೂ ದಮ್ಮು ಉಳಿದಿತ್ತು. ಎಂಥ ಉದ್ದದ ಮಾತಿದ್ದರೂ ಒಂದೇ ಉಸಿರಿನಲ್ಲಿ ಹೇಳಿ ಮುಗಿಸುತ್ತಿದ್ದರು.

ಹಿತ್ತಲಿನಲ್ಲಿ ಅವರು ಬಾಯಿಪಾಠ ಮಾಡುವಾಗ ಪುಸ್ತಕ ಹಿಡಿಯುವುದು ನನ್ನ ಕೆಲಸ. ಮಣ್ಣಿನಲ್ಲಿ ಹೆಬ್ಬೆರಳಿನಿಂದ ಗೆರೆ ಎಳೆದು, ಅದನ್ನು ಮುಟ್ಟಿ ಹಣೆಗೊತ್ತಿಕೊಂಡು ಶುರು ಮಾಡುತ್ತಿದ್ದರು. ಕಬಡ್ಡಿಯಲ್ಲಿ ರೇಡಿಗೆ ಹೋಗುವ ಮುಂಚಿನ ಹಳೆಯ ಚಾಳಿ ಅದು. ನಡುವೆ ಉಸಿರೆಳೆದರೆ ನಾನು "ಔಟ್!" ಎಂದು ಕೂಗಬೇಕು. ಆದರೆ ಕಟ್ಟೆಯ ಮೇಲೆ ಕೂತ ಅವರ ತಾಯಿ, ಕಣ್ಣು ಪೂರಾ ಹೋಗಿದ್ದ ಅಜ್ಜಿ, ನನಗಿಂತ ಮೊದಲೇ "ಔಟ್!" ಅನ್ನುತ್ತಿದ್ದರು. ಮಗನ ಉಸಿರು ಅವರಿಗೆ ಅಷ್ಟು ಪರಿಚಿತ. ಒಂದೊಂದು ದಿನ ಅವರ ಮೇಲೆ ಸಿಟ್ಟೇ ಬರುತ್ತಿತ್ತು ನನಗೆ.

ಬ್ಯಾಡಗಿಯಲ್ಲಿ ಮೆಣಸಿನಕಾಯಿ ಸುಗ್ಗಿಯಲ್ಲಿ ಕಂಪನಿ ಟೆಂಟು ಹೂಡಿತ್ತು. ಸಂಜೆಯ ಆಟದಲ್ಲಿ ಗಾಳಿ ತಿರುಗಿ ಘಾಟು ಟೆಂಟಿನೊಳಗೆ ನುಗ್ಗಿತು ನೋಡಿ, ರಾಜ ಕೆಮ್ಮಿದ, ರಾಣಿ ಕೆಮ್ಮಿದಳು, ಹಾರ್ಮೋನಿಯಂ ನುಡಿಸುವ ಪೇಟಿ ಮಾಸ್ತರರೂ ಕೆಮ್ಮಿದರು. ಕಾಕಾ ಮಾತ್ರ ಗೆರೆ ಮುಟ್ಟಿ ನಿಂತವರು ಮಾತು ಮುಗಿಯುವವರೆಗೆ ಉಸಿರೆಳೆಯಲಿಲ್ಲ. ಆ ಕೆಂಪು ಮಬ್ಬಿನಲ್ಲಿ ಅವರ ದನಿಯೊಂದೇ ತೇಲುತ್ತಿದ್ದ ಹಾಗೆ ಈಗಲೂ ಅನಿಸುತ್ತದೆ...

ಆ ಆಟ ನೋಡಿದ ಬೆಂಗಳೂರಿನವರು ಸಿನಿಮಾಕ್ಕೆ ಕರೆದರು. ಒಂದೇ ದೃಶ್ಯ, ಗೌಡರ ಎದುರು ನಿಂತು ಆಡುವ ಮಾತು. ಅಜ್ಜಿ ಓಣಿಗೆಲ್ಲ ಡಂಗುರ ಹೊಡೆದರು. "ನನಗ ನೋಡಾಕಂತೂ ಆಗಂಗಿಲ್ಲ. ನನ್ನ ಮಗನ ದನಿ ಕೇಳಾಕ ಹೊಂಟೇನಿ."

ಹಾವೇರಿಯ ಟಾಕೀಜಿನಲ್ಲಿ ಮ್ಯಾಟಿನಿ. ಅಜ್ಜಿಯ ಒಂದು ಕಡೆ ಕಾಕಾ, ಇನ್ನೊಂದು ಕಡೆ ನಾನು. ಪರದೆಯ ಮೇಲೆ ಕಾಕಾ ಬಂದರು. ಬಾಯಿ ತೆರೆದರು. "ಕೊಟ್ಟ ಮಾತಿಗೆ ನಿಂತಿದ್ದೀನಿ ಗೌಡ್ರೇ..." ದನಿ ಅವರದಲ್ಲ! ಯಾರದೋ ದಪ್ಪ ದನಿ, ಬೆಂಗಳೂರು ಕಡೆಯ ಮಾತು. ಡಬ್ಬಿಂಗಿನಲ್ಲಿ ಬೇರೆಯವರಿಂದ ಆಡಿಸಿದ್ದಾರೆಂದು ಕಾಕಾಗೂ ಗೊತ್ತಿರಲಿಲ್ಲ.

ಅಜ್ಜಿ ನನ್ನ ಕೈ ಜಗ್ಗಿದರು. "ಯಾಕ ತಂಗಿ, ಅಂವಾ ಇನ್ನೂ ಬರಲಿಲ್ಲಲ್ಲ?"

ಕಾಕಾ ತಲೆ ತಗ್ಗಿಸಿ ಕೂತಿದ್ದವರು ಎದ್ದರು, ಬಗ್ಗಿ ನೆಲ ಮುಟ್ಟಿ ಹಣೆಗೊತ್ತಿಕೊಂಡರು.

"ಏ, ಕುಂದರೋ ಮಾರಾಯ!" ಹಿಂದಿನಿಂದ ಯಾರೋ ಒದರಿದರು.

"ಕೊಟ್ಟ ಮಾತಿಗೆ ನಿಂತೇನ್ರೀ ಗೌಡ್ರ, ಹೊಲ ಹೋದ್ರೂ ನಿಂತೇನಿ, ಮನಿ ಹೋದ್ರೂ ನಿಂತೇನಿ..." ಎಂದು ಪೂರ್ತಿ ಮಾತು ಒಂದೇ ದಮ್ಮಿನಲ್ಲಿ. ಒದರಿದವರೂ ಗಪ್ಪಾದರು. ಅಜ್ಜಿಯ ಮುಖ ಅರಳಿತು.

"ಬಂದಾ ನೋಡು," ಅಂದರು. "ಔಟ್ ಆಗಲಿಲ್ಲ."

ಆಮೇಲೂ ಸಿನಿಮಾದವರು ಕರೆದದ್ದುಂಟು. "ದನಿ ನಂದ ಇರ್ತೈತೇನ್ರಿ?" ಎಂದು ಇವರು ಕೇಳುವುದು, ಅವರು ನಗುವುದು... ಕಾಕಾ ಹೋಗಲಿಲ್ಲ. ಕಂಪನಿ ನಿಲ್ಲುವ ತನಕ ನಾಟಕ ಮಾಡಿದರು. ಅಜ್ಜಿ ತೀರಿಕೊಂಡು ಬಹಳ ವರ್ಷವಾಯಿತು. ಹೋದ ವರ್ಷ ಕಾಕಾನೂ ಹೋದರು. ಆ ದನಿಯನ್ನು ನಾವು ಯಾರೂ ಎಲ್ಲಿಯೂ ಹಿಡಿದಿಡಲಿಲ್ಲ.

ಮೊನ್ನೆ ಆ ದೃಶ್ಯ ಬಂದಾಗ ಟಿ.ವಿ.ಯ ಸದ್ದು ಬಂದ್ ಮಾಡಿದೆ. ಕಾಕಾನ ತುಟಿಗಳಷ್ಟೇ ಆಡುತ್ತಿದ್ದವು. ನೆಲ ಮುಟ್ಟಿ ಹಣೆಗೊತ್ತಿಕೊಂಡು ಅವರ ಮಾತನ್ನು ನಾನೇ ಆಡತೊಡಗಿದೆ, ನಮ್ಮ ಮಾತಿನಲ್ಲಿಯೇ. ಮನಿ ಹೋದ್ರೂ ನಿಂತೇನಿ ಅನ್ನುವಷ್ಟರಲ್ಲಿ ಘಾಟು ಗಂಟಲಿಗೇರಿ ಕೆಮ್ಮು ಬಂತು, ಉಸಿರು ಹೋಯಿತು.

"ಔಟ್!" ಅನ್ನುವವರು ಯಾರೂ ಇರಲಿಲ್ಲ.