ಪಾರ್ವತವ್ವನವರಿಗೆ ಕೇಳಿಸದ ಅರ್ಧ ಕತೆ

ಶಿರಸಿ, ಸಿದ್ದಾಪುರ, ಯಲ್ಲಾಪುರ ಸೀಮೆಯಲ್ಲಿ ಕತೆನೂಲಿನ ಕಸುಬಿಗೆ ಹೆಸರು ತಂದವರು ಹಲವರಿದ್ದರೂ, ಹೇಳಿದವರ ದನಿ, ಉಸಿರು, ಕೆಮ್ಮು ಸಹಿತ ಕತೆಯನ್ನು ನೂಲಿಗೆ ಇಳಿಸಬಲ್ಲವರು ಎಕ್ಕಂಬಿಯ ಶ್ರೀಮತಿ ಪಾರ್ವತವ್ವನವರೊಬ್ಬರೇ ಎಂದರೆ ಮಿಕ್ಕ ನಾವು ಮುಖ ಊದಿಸಿಕೊಳ್ಳಬೇಕಾಗಿಲ್ಲ. ಇದ್ದದ್ದನ್ನು ಇದ್ದ ಹಾಗೆ ಒಪ್ಪಬೇಕು. ಈ ವರ್ಷ ಅವರು ರಾಟೆಯಿಂದ ಕೈ ತೆಗೆದಿದ್ದಾರೆ.

ಕಸುಬನ್ನು ಅರಿಯದವರಿಗಾಗಿ ಎರಡು ಮಾತು. ಮನೆಯವರೊಬ್ಬರು ಕತೆ ಹೇಳುತ್ತಾರೆ. ನೂಲುವವರು ಕೇಳುತ್ತ, ಎಳೆ ಎಳೆಗೂ ‘ಹೂಂ’ ಎನ್ನುತ್ತಾರೆ. ಕೇಳಿ ಹೂಂಗುಟ್ಟಿದಷ್ಟು ಕತೆ ನೂಲಿಗೆ ಇಳಿದು, ಬಿಳಿಯ ಎಳೆ ಜೇನಿನ ಬಣ್ಣಕ್ಕೆ ತಿರುಗುತ್ತದೆ. ಆ ನೂಲಿನಲ್ಲಿ ಹೊಲಿದ ಕೌದಿ ಹೊದ್ದವರಿಗೆ ಕತೆ ಕನಸಾಗಿ ಬರುತ್ತದೆ. ಆದರೆ ಎಚ್ಚರದಲ್ಲಿ ಒಮ್ಮೆ ಕೇಳಿದ್ದು ಕನಸಿಗೆ ಬಾರದು. ಆದ್ದರಿಂದ ಕೌದಿ ಯಾರಿಗೋ ಅವರನ್ನು ನೂಲುವ ಹೊತ್ತಿನಲ್ಲಿ ಹೊರಗೆ ಕಳಿಸುವುದು ವಾಡಿಕೆ.

ಸೋದರತ್ತೆಯಿಂದ ಕಲಿತ ಈ ವಿದ್ಯೆಯನ್ನು ಪಾರ್ವತವ್ವನವರು ಮದುವೆಯಾದ ಮೇಲೂ ಬಿಡಲಿಲ್ಲ. ಯಲ್ಲಾಪುರದ ಲಾರಿ ಚಾಲಕ ಆನಂದ ಅವರು ಅಪಘಾತವೊಂದರ ನಂತರ ಸ್ಟೇರಿಂಗ್ ಮುಟ್ಟಲೂ ಹೆದರಿ ಕೂತಿದ್ದಾಗ, ಅವರ ಅಜ್ಜ ಗಾಡಿ ಹೂಡಿಕೊಂಡು ಘಟ್ಟ ಇಳಿಯುತ್ತಿದ್ದ ಕತೆಯನ್ನು ದೊಡ್ಡಪ್ಪನಿಂದ ಹೇಳಿಸಿ, ನೂತು, ಹೊದಿಸಿದವರು ಇವರು. ಅಷ್ಟಕ್ಕೇ ಬಿಡದೆ ಆನಂದ ಮತ್ತೆ ಲಾರಿ ಹೊರಡಿಸಿದ ದಿನ ಪಕ್ಕದಲ್ಲೇ ಕೂತು ಘಟ್ಟ ಇಳಿದರು. ಇಳಿಯುವ ತನಕ ಕಣ್ಣು ಮುಚ್ಚಿಕೊಂಡೇ ಇದ್ದರೆಂಬುದು ಆಮೇಲೆ ತಿಳಿಯಿತು.

ಇತ್ತೀಚಿನ ವರ್ಷಗಳಲ್ಲಿ ಅವರ ಕಿವಿ ಮಂದವಾಯಿತು. ನಮ್ಮಲ್ಲಿ ಯಾರಿಗೂ ಹೇಳಲಿಲ್ಲ. ಹೇಳುವವರ ತುಟಿ ನೋಡುತ್ತ ಕೆಲಸ ಸಾಗಿಸಿದರು. ಕಿವಿ ಹೋಯಿತೆಂದರೆ ರಾಟೆಯೂ ಹೋದಂತೆ. ರಾಟೆ ಹೋದ ಮೇಲೆ ತಾನು ಯಾರು ಎಂಬ ಭಯ ಅವರನ್ನು ಒಳಗೊಳಗೇ ತಿನ್ನುತ್ತಿತ್ತು.

ಹಾಗಿರುವಾಗ ಮನ್ಮನೆಯ ಹುಚ್ಚ ನಾಯ್ಕರಿಂದ ಕರೆ ಬಂತು. ನಾಯ್ಕರಿಗೆ ಮರುದಿನವೇ ಗಂಟಲಿನ ಆಪರೇಷನ್. ದನಿ ಉಳಿಯುವುದಿಲ್ಲವೆಂದು ವೈದ್ಯರು ಹೇಳಿಬಿಟ್ಟಿದ್ದರು. ಮಗಳು ದರ್ಶನ ಹುಟ್ಟಿದ ವಾರದಲ್ಲೇ ಹೆಂಡತಿ ಹೊನ್ನಿ ತೀರಿಕೊಂಡಿದ್ದರು. ಆ ತಾಯಿಯ ಕತೆಯನ್ನು ಮಗಳಿಗೆ ಎಂದೂ ಹೇಳಲಾಗದ ನಾಯ್ಕರು, ದನಿಯಿರುವಾಗಲೇ ಅದನ್ನು ನೂಲಿಗೆ ಹೇಳಿ ಮುಗಿಸಬೇಕೆಂದಿದ್ದರು. ವಾಡಿಕೆಯಂತೆ ದರ್ಶನಳನ್ನು ಹೊರಗೆ ಕಳಿಸಿ ಕೂತರು.

ಅರ್ಧ ಕತೆ ಚೆನ್ನಾಗಿಯೇ ಇಳಿಯಿತು. ಹೊನ್ನಿ ಬಸುರಿಯಾದ ಸುದ್ದಿಗೆ ಬಂದಾಗ ನಾಯ್ಕರು ಮೆಲ್ಲಗೆ ಗೋಡೆಯ ಕಡೆ ತಿರುಗಿಕೊಂಡರು. ದನಿಯೂ ತಗ್ಗಿತು, ತುಟಿಯೂ ಕಾಣಲಿಲ್ಲ. ಪಾರ್ವತವ್ವನವರು ಅಂದಾಜಿನ ಮೇಲೆ ಹೂಂ, ಹೂಂ ಎಂದರು. ಬೆರಳ ನಡುವೆ ಬಂದದ್ದು ಬರೀ ಬಿಳಿಯ ನೂಲು.

ಆ ಬಿಳಿ ಎಳೆಯನ್ನು ಕೌದಿಯ ಒಳಪದರಕ್ಕೆ ತುರುಕಿದ್ದರೆ ಅಂದು ಯಾರಿಗೂ ಗೊತ್ತಾಗುತ್ತಿರಲಿಲ್ಲ. ಅವರಿಗೆ ಆ ಯೋಚನೆ ಬಂದದ್ದೂ ಸುಳ್ಳಲ್ಲ. ಆದರೆ ರಾಟೆ ನಿಲ್ಲಿಸಿದರು.

“ನನ್ನ ಕಿವಿ ಸೋತಾವ್ರಿ ನಾಯ್ಕರ. ಈಗ ಹೇಳಿದ್ದು ನೂಲಿಗೆ ಬಂದಿಲ್ಲ. ಮಗಳನ್ನ ಒಳಗ ಕರೀರಿ, ಆಕಿ ಕೇಳಿ ಹೂಂ ಅನ್ನಲಿ.”

“ಮಗಳು ಕೇಳಿಬಿಟ್ರೆ ಅದಕ್ಕೆ ಕನಸು ಬೀಳಾದಿಲ್ಲಲ?” ಎಂದರು ನಾಯ್ಕರು, ಇತ್ತ ತಿರುಗಿ.

“ಬೀಳಂಗಿಲ್ಲ. ನೂಲು ಮೊಮ್ಮಕ್ಕಳಿಗೆ ಆಗ್ತೈತಿ. ಆಕಿ ಇವತ್ತ ನಿಮ್ಮ ಬಾಯಿಂದನ ಕೇಳಲಿ.”

ನಾಯ್ಕರು ಮಗಳನ್ನು ಕರೆದರು. ದರ್ಶನ ಎದುರಿಗೆ ಕೂತಳು. ತಂದೆ ಮತ್ತೆ ಹೇಳತೊಡಗಿದಾಗ ಅವಳು ನಕ್ಕಳು, ಅತ್ತಳು, ಹೂಂ ಎಂದಳು; ಅವಳ ತುಟಿಯನ್ನೇ ನೋಡುತ್ತ ಪಾರ್ವತವ್ವನವರು ಎಳೆ ತೆಗೆದರು. ಕೇಳುವವಳು ಒಬ್ಬಳು, ನೂಲುವವಳು ಒಬ್ಬಳು ಎಂಬುದು ನಮ್ಮ ಕಸುಬಿನಲ್ಲಿ ಹಿಂದೆಂದೂ ಇರಲಿಲ್ಲ. ನೂಲು ಜೇನಿನ ಬಣ್ಣಕ್ಕೆ ಬಂತು. ಕೌದಿ ಹೊಲಿದು ಕೊಟ್ಟ ದಿನವೇ ಅವರು ತಮಗೆ ಕೇಳಿಸುವುದಿಲ್ಲವೆಂದು ನಮ್ಮೆಲ್ಲರಿಗೂ ತಿಳಿಸಿ ನಿವೃತ್ತರಾದರು. ಅವರ ಅಂಜಿಕೆ ಅಷ್ಟು ದಿನ ನಮಗೆ ತಿಳಿಯಲಿಲ್ಲವಲ್ಲ ಎಂದು ನಮಗೆ ಇಂದಿಗೂ ನೋವಿದೆ.

ಕಳೆದ ತಿಂಗಳು ದರ್ಶನ ಆ ಕೌದಿಯನ್ನು ಹೊತ್ತು ಎಕ್ಕಂಬಿಗೆ ಬಂದಳು. “ಆ ಅರ್ಧ ನಿಮಗೆ ಕೇಳ್ಲೇ ಇಲ್ಲಲ ಅವ್ವ. ಒಂದ್ಸಲ ಹೊದ್ಕೊಂಡು ಮಲಗಿ” ಎಂದು ಕೈಸನ್ನೆ ಮಾಡಿ ತಿಳಿಸಿದಳು. ಮಧ್ಯಾಹ್ನದ ಊಟವಾದ ಮೇಲೆ ಪಾರ್ವತವ್ವನವರು ಮಲಗಿದರು. ಕನಸಿನಲ್ಲಿ ಗದ್ದೆಯ ಬದುವಿನ ಮೇಲೆ ತುಂಬುಬಸುರಿಯೊಬ್ಬಳು ಕೂತು, ಹೊಟ್ಟೆಯ ಮೇಲೆ ಕೈಯಿಟ್ಟು, ಒಳಗಿನ ಕೂಸಿಗೆ ಹಾದುಹೋಗುವವರನ್ನೆಲ್ಲ ಪರಿಚಯ ಮಾಡಿಸುತ್ತಿದ್ದಳು. ಅವಳ ಮಾತನ್ನು ಹೇಳುತ್ತಿದ್ದ ದನಿ ಹುಚ್ಚ ನಾಯ್ಕರದು. ಒಂದೊಂದು ಅಕ್ಷರವೂ ಸ್ಪಷ್ಟ. “ಅಗಾ, ನೇಗಿಲು ಹೊತ್ತು ಬರ್ತಾನಲ, ಅದು ನಿನ್ನಪ್ಪ. ಸಿಟ್ಟು ಬಂದ್ರೆ ಊಟ ಬಿಡ್ತಾನೆ. ನಾ ಕರದ್ರೆ ಬರಾದಿಲ್ಲ. ನೀ ಬಂದು ಕರಿ.”

ಶ್ರೀಮತಿ ಪಾರ್ವತವ್ವನವರಿಗೆ ಆಯುಷ್ಯವೂ ಇಂಥ ನಿದ್ದೆಯೂ ಧಾರಾಳವಾಗಿ ಒದಗಲಿ, ಎಳೆಯರ ಕೈಗೆ ರಾಟೆ ಹಿಡಿಸುವ ಕೆಲಸ ಇನ್ನೂ ಬಹುಕಾಲ ಅವರಿಂದ ನಡೆಯಲಿ ಎಂದು ನಾವು ಮನಸಾರೆ ಹಾರೈಸುತ್ತೇವೆ. ಅಂದು ಎಚ್ಚರಾದ ಕೂಡಲೇ ಅವರು ದರ್ಶನಳ ಮುಖ ನೋಡಿ ಕೇಳಿದ್ದು ಇಷ್ಟೇ: “ನಿಮ್ಮಪ್ಪಾರು ಈಗ ಕರದ್ರ ಉಣ್ಣಾಕ ಬರ್ತಾರೇನವಾ?”

“ಬರ್ತಾರೆ” ಎಂದಳು ದರ್ಶನ. “ನಾ ಕರದ್ರೆ ಬರ್ತಾರೆ.”