ಅಕ್ಷರಗಳ ಉಳಿಗಾಲ

ನಮ್ಮ ಯಜಮಾನರು ಭೋಸರಿಯ ಒಂದು ಪ್ರೆಸ್ ಶಾಪಿನಲ್ಲಿ, ತಗಡು ಬಡಿಯುವ ಸದ್ದಿನ ನಡುವೆ, ಇಪ್ಪತ್ತಾರು ವರ್ಷ ದುಡಿದರು. ಎಡಗಿವಿ ಅಲ್ಲೇ ಹೋಯಿತು. ಬಲಗಿವಿಯೂ ಇಳಿಯುತ್ತಿದೆ ಎಂದು ಡಾಕ್ಟರು ಹೇಳಿದ ವಾರವೇ ಪುಸ್ತಕ ಬರೆಯಲು ಕುಳಿತರು. ಎಲ್ಲಿಯೂ ಇಲ್ಲದ ಒಂದು ದೇಶದ ಪುಸ್ತಕ. ಅಲ್ಲಿ ಆಡಿದ ಮಾತು ಕೂಡಲೇ ಸಾಯುವುದಿಲ್ಲ. ಒಂದೊಂದು ಅಕ್ಷರಕ್ಕೆ ಒಂದೊಂದು ಉಳಿಗಾಲ. ಸಂಜೆ ಮನೆಗೆ ಬಂದರೆ ಬೆಳಗಿನ ಜಗಳದ ಮಕಾರಗಳು ಇನ್ನೂ ಪರದೆಗೆ ಜೋತುಬಿದ್ದಿರುತ್ತವೆ, ಟಕಾರಗಳು ಆಗಲೇ ಉದುರಿರುತ್ತವೆ. ಈ ಉಳಿಗಾಲವನ್ನು ಅಳೆಯುವುದೇ ಅಲ್ಲಿನ ಪಂಡಿತರ ಶಾಸ್ತ್ರ.

ದೇಶ ಕಲ್ಪನೆಯದಾದರೂ ಅಳತೆ ನಿಜವಿರಬೇಕು ಎಂದು ಅವರ ಹಟ. ಜೀವನವಿಡೀ ಗೇಜ್ ಹಿಡಿದ ಕೈ ನೋಡಿ! ಬಾಲ್ಕನಿಯಲ್ಲಿದ್ದ ತಾಮ್ರದ ಹಂಡೆಯನ್ನು ಒಳಗೆ ತಂದರು. ನಾನು ಅದರ ಬಾಯಿಗೆ ಮುಖವಿಟ್ಟು ಒಂದು ಅಕ್ಷರ ಕೂಗಬೇಕು. ಗುಂಯ್ ಎನ್ನುವುದು ಪೂರ್ತಿ ನಿಲ್ಲುವವರೆಗೆ ಅವರು ಬಲಗಿವಿ ಹಚ್ಚಿ ಬೆರಳು ಮಡಚಿ ಎಣಿಸಿ, ವಹಿಯಲ್ಲಿ ಬರೆದುಕೊಳ್ಳುವರು. ಒಂದೊಂದು ಅಕ್ಷರ ಹತ್ತತ್ತು ದಿನ. ಕಿವಿ ಇರುವಾಗಲೇ ಪಟ್ಟಿ ಮುಗಿಯಬೇಕು, ಅಷ್ಟೇ ಅವರ ಆಸೆ.

ಮೇಲಿನ ಮನೆಯಾಕೆ ಒಮ್ಮೆ ಲಿಫ್ಟಿನಲ್ಲಿ, "ವಹಿನೀ, ಹಂಡ್ಯಾತ್ ಕೋಣಾಶೀ ಬೋಲತಾ?" ಎಂದಳು. ಅತ್ತಿಗೆ, ಹಂಡೆಯಲ್ಲಿ ಯಾರ ಜೊತೆ ಮಾತಾಡುತ್ತೀರಿ ಎಂದು. ನಾನು, "ಅತ್ತೆಯವರ ಜೊತೆ" ಎಂದು ಮರಾಠಿಯಲ್ಲೇ ಹೇಳಿ ಪಾರಾದೆ.

ನಾನು ಕೊಂಢವಾ ಬಡಾವಣೆಯ ಟೈಲ್ಸ್ ಅಂಗಡಿಯಲ್ಲಿ ದಿನವಿಡೀ ನಿಂತು ಗಿರಾಕಿಗಳಿಗೆ ನಮೂನೆ ತೋರಿಸುವವಳು. ಎರಡು ಬಸ್ಸು ಬದಲಿಸಿ ಬಂದು, ಜೋಳದ ಭಾಕರಿ ಬಡಿದು, ಆಮೇಲೆ ಹಂಡೆ. ಅವರ ಎಣಿಕೆಗೋ ಕೊನೆಯಿಲ್ಲ. "ನಿಮ್ಮ ಕಿವಿಗೂ ದಣಿವಾಗತದ, ಇನ್ನ ಮ್ಯಾಲ ನಾನ ಎಣಸ್ತೀನ್ರಿ" ಎಂದೆ. ಬೇಗ ಮುಗಿಯಲಿ ಎಂಬುದು ಒಳಮಾತು. ಅವರು ಒಪ್ಪಿದರು. ಅವರು ಒಪ್ಪಿದ್ದು ನನ್ನ ಮೇಲಿನ ನಂಬಿಕೆಯಿಂದ ಎಂಬುದನ್ನು ನಾನು ಆಗ ಯೋಚಿಸಲಿಲ್ಲ.

ಮೂರು ತಿಂಗಳಾದ ಮೇಲೆ ಒಂದು ಸಂಜೆ ವಹಿ ಹಿಡಿದುಕೊಂಡು ಅಡುಗೆಮನೆಗೇ ಬಂದರು.

"ಏ, ಇಲ್ಲಿ ನೋಡ! ಗುರುವಾರ ಬಂತಂದ್ರ ಎಲ್ಲಾ ಅಕ್ಷರ ಹೆಚ್ಚಿಗಿ ಬದುಕತಾವ. ಆ ದೇಶದ ಗಾಳೀಗೂ ವಾರದಾಗ ಒಂದು ಸೂಟಿ ಇರಬೇಕು. ಪುಸ್ತಕದಾಗ ಅದರ ಮ್ಯಾಲ ಎರಡು ಪ್ರಕರಣ ಬರದೀನಿ."

ಗುರುವಾರ ನಮ್ಮ ಅಂಗಡಿಗೆ ರಜೆ.

"ರೀ, ಗುರುವಾರ ಅಷ್ಟ ಖರೇನ ಎಣಸೀನ್ರಿ. ಉಳದ ದಿನ ಬಾಯಿಗೆ ಬಂದದ್ದು ಹೇಳೀನಿ."

"ಏನು?"

ಇನ್ನೊಮ್ಮೆ ಹೇಳಿದೆ. ಕೇಳಲಿಲ್ಲ. ಮೂರನೆಯ ಸಲ ಕೂಗಬೇಕಾಯಿತು. ತಪ್ಪನ್ನು ಕೂಗಿ ಒಪ್ಪಿಕೊಳ್ಳುವುದು ಎಂಥ ಆಯಾಸದ ಕೆಲಸವೆಂದು ಆವತ್ತು ತಿಳಿಯಿತು.

ಅವರು ಸ್ಟೂಲಿನ ಮೇಲೆ ಕುಳಿತರು. "ಆವಾಗಿನ್ನೂ ನನಗ ಕೇಳ್ತಿತ್ತಲ್ಲ," ಎಂದರು. ಬೈಯಲಿಲ್ಲ. ಸ್ಕೇಲು ತಂದು ಗುರುವಾರ ಬಿಟ್ಟು ಉಳಿದ ಸಾಲುಗಳ ಮೇಲೆ ಒಂದೊಂದಾಗಿ ಗೆರೆ ಎಳೆದರು. ನಾನು ಭಾಕರಿ ಸುಟ್ಟುಕೊಂಡೆ.

ಮುಗಿದ ಮೇಲೆ, "ದಣದಿದ್ದ ದಿನ ದಣದೀನಿ ಅಂತ ಬರಿ ಮಾರಾಯ್ತಿ. ಸುಳ್ಳು ಅಂಕಿ ಬ್ಯಾಡ," ಎಂದು ವಹಿಯನ್ನು ನನ್ನ ಕೈಗೆ ಕೊಟ್ಟರು.

ಈಗ ಹಂಡೆಯ ಹೊಟ್ಟೆಗೆ ಅಂಗೈ ಒತ್ತಿ, ಅದರ ಕಂಪನವನ್ನು ಕೈಯಲ್ಲೇ ತಿಳಿದು ಅವರೂ ಎಣಿಸುತ್ತಾರೆ. ಅವರ ಅಂಕಿಯೂ ನನ್ನ ಅಂಕಿಯೂ ಒಂದೇ ಆಗುವುದು ಅಪರೂಪ, ಎರಡನ್ನೂ ಬರೆಯುತ್ತೇನೆ. ಸೋಮವಾರ ದಣಿವು, ಮಂಗಳವಾರ ದಣಿವು ಎಂದು ಪುಟಗಳು ತುಂಬುತ್ತಿವೆ. ಕಿವಿ ಇರುವಾಗ ಪಟ್ಟಿ ಮುಗಿಯುವುದಿಲ್ಲವೆಂದು ಇಬ್ಬರಿಗೂ ಗೊತ್ತು. ನಾವಿನ್ನೂ ಡಕಾರದಲ್ಲಿದ್ದೇವೆ.