ಗಂಟೆ ಕೇಳುವಷ್ಟು ದೂರದ ಊರು

ಪಕ್ಕದ ಮನೆಯ ತಾತನ ಬಲಗೈ ಬೆರಳುಗಳು ಪೂರ್ತಿ ಬಿಚ್ಚುತ್ತಿರಲಿಲ್ಲ. ಹಗ್ಗ ಹಿಡಿದವರ ಹಾಗೆ ಮುಷ್ಟಿ ಯಾವಾಗಲೂ ಅರ್ಧ ಮುಚ್ಚಿಕೊಂಡೇ ಇರುತ್ತಿತ್ತು. ಮೂವತ್ತು ವರ್ಷ ಕಬ್ಬಿಣ ಎರಕದ ಫೌಂಡ್ರಿಯಲ್ಲಿ ದುಡಿದದ್ದರ ಫಲ ಎಂದು ಡಾಕ್ಟರಾದ ನನ್ನ ಯಜಮಾನರು ತೀರ್ಪು ಕೊಟ್ಟಿದ್ದರು.

ಇಂಗ್ಲೆಂಡಿನ ವುಲ್ವರ್‌ಹ್ಯಾಂಪ್ಟನ್ನಿನಲ್ಲಿ ಅವರ ಮನೆಗೂ ನಮ್ಮ ಮನೆಗೂ ನಡುವೆ ಒಂದೇ ಗೋಡೆ. ತೊಂಬತ್ತರ ದಶಕದ ಕೊನೆ, ನಾವು ಹೋದ ಹೊಸತು. ಒಂದು ದಿನ ತಾತ ಬೇಲಿಯಾಚೆಯಿಂದ, “ನಿಮ್ಮ ಗಂಟೆ ದಿನಾ ಏಳೂವರೆಗಾ?” ಎಂದು ಕೇಳಿದರು. ಈ ದೇಶದಲ್ಲಿ ದೂರು ಹೇಳುವುದೂ ಹೀಗೆ ನಯವಾಗಿಯೇ ಎಂದು ಯಾರೋ ನನ್ನನ್ನು ಹೆದರಿಸಿದ್ದರು. ಮಾರನೆಯ ದಿನದಿಂದ ಪೂಜೆಯ ಗಂಟೆಯ ನಾಲಿಗೆಗೆ ಬಟ್ಟೆ ಸುತ್ತಿ ಮಂಗಳಾರತಿ ಮಾಡಿದೆ. ಮೂರನೆಯ ದಿನ ತಾತ ಬಂದು ಬಾಗಿಲು ತಟ್ಟಿದರು.

“ಎಲ್ಲರೂ ಚೆನ್ನಾಗಿದ್ದೀರಿ ತಾನೇ? ಗಂಟೆ ಕೇಳಲಿಲ್ಲ.”

ನಾಚಿಕೆಯಾಗಿ ಒಳಗೆ ಕರೆದು ಕಾಫಿ ಕೊಟ್ಟೆ. ಅವರು ಮನೆಕಂದಾಯದ ಲಕೋಟೆಯ ಹಿಂಬದಿಯಲ್ಲಿ ಚೆಕ್ ದೇಶದ ತಮ್ಮ ಹಳ್ಳಿಯ ನಕ್ಷೆ ಬರೆದರು. ಗುಡ್ಡ, ತೊರೆ, ಮೀನು ಸಾಕುವ ಕೆರೆ, ಹಿಟ್ಟಿನ ಗಿರಣಿ, ಮೂವತ್ತೇ ಮನೆ, ನಡುವೆ ಗಂಟೆಯ ಗೋಪುರ. “ಗಂಟೆ ಎಲ್ಲಿಯವರೆಗೆ ಕೇಳುತ್ತದೋ ಅಲ್ಲಿಯವರೆಗೆ ನಮ್ಮೂರು” ಎಂದರು. ಅದರ ಹಗ್ಗ ಎಳೆಯುವುದು ಅವರ ಮನೆತನದ ಕೆಲಸ. ಯಾರಾದರೂ ತೀರಿಕೊಂಡರೂ ಬಾರಿಸಬೇಕು. ಹೊಲದಲ್ಲಿದ್ದವರು ಕೆಲಸ ನಿಲ್ಲಿಸಿ, ಟೋಪಿ ತೆಗೆದು ನಿಲ್ಲುತ್ತಿದ್ದರಂತೆ.

ಯುದ್ಧಕಾಲದಲ್ಲಿ ಜರ್ಮನ್ನರು ಆ ಗಂಟೆಯನ್ನು ಲೋಹಕ್ಕಾಗಿ ಕರಗಿಸಲು ಹೊತ್ತೊಯ್ದರು. ಅದೇ ಚಳಿಗಾಲ ತಾತನ ತಾಯಿ ತೀರಿಕೊಂಡರು. ಗಂಟೆಯ ಬದಲು ಮನೆಯವರು ಮರಕ್ಕೆ ರೈಲುಕಂಬಿಯ ತುಂಡು ತೂಗುಹಾಕಿ ಬಡಿದರಂತೆ. “ಗಿರಣಿಯವರೆಗೂ ಕೇಳಲಿಲ್ಲ. ಅಲ್ಲಿ ಹಿಟ್ಟು ಬೀಸುತ್ತಲೇ ಇದ್ದರು” ಎಂದಾಗ ಅವರ ಕಣ್ಣು ತುಂಬಿತ್ತು.

ಆಮೇಲೆ ಎಂಟು ವರ್ಷ ನಮ್ಮ ಗಂಟೆಯೇ ಅವರಿಗೆ ಗಡಿಯಾರ. ಹತ್ತು ನಿಮಿಷ ತಡವಾದರೆ ಗೋಡೆ ಕುಟ್ಟುತ್ತಿದ್ದರು. ನನಗೆ ಮೈಗಳ್ಳತನಕ್ಕೂ ಸ್ವಾತಂತ್ರ್ಯ ಇರಲಿಲ್ಲ! ಆದರೆ ಯಾರೂ ಇಲ್ಲದ ಊರಲ್ಲಿ ನನ್ನ ಸದ್ದಿಗೆ ಕಿವಿಗೊಟ್ಟು ಕೂತವರು ಒಬ್ಬರಿದ್ದಾರೆ ಎಂಬುದೇ ಆಗ ನನ್ನನ್ನು ಉಳಿಸಿತು.

ಒಮ್ಮೆ ಕೇಳಿದರು, “ನಾನು ಹೋದಾಗ ನನಗೂ ಬಾರಿಸುತ್ತೀರಾ?”

ಸಾವಿನ ಮೈಲಿಗೆಯಲ್ಲಿ ದೇವರ ಗಂಟೆಯನ್ನು ನಾವು ಮುಟ್ಟುವುದೂ ಇಲ್ಲ. “ನೋಡೋಣ” ಎಂದೆ. ಅವರು ಮತ್ತೆಂದೂ ಕೇಳಲಿಲ್ಲ. ಆ ‘ನೋಡೋಣ’ ಇವತ್ತಿಗೂ ನನ್ನನ್ನು ಚುಚ್ಚುತ್ತದೆ.

ಒಂದು ಮಾರ್ಚಿನಲ್ಲಿ ಹೋಗಿಬಿಟ್ಟರು. ಸಂಸ್ಕಾರಕ್ಕೆ ನಾವಿಬ್ಬರೂ ಸೇರಿ ಐದು ಜನ. ಟೇಪಿನಲ್ಲಿ ಸಂಗೀತ ಹಾಕಿ ಇಪ್ಪತ್ತು ನಿಮಿಷದಲ್ಲಿ ಮುಗಿಸಿದರು. ಮನೆಗೆ ಬಂದವಳೇ ಸ್ನಾನವನ್ನೂ ಮಾಡದೆ ದೇವರ ಮುಂದಿನ ಗಂಟೆ ಎತ್ತಿಕೊಂಡೆ.

“ಏನೇ ಇದು, ಮೈಲಿಗೇಲಿ ದೇವರ ಗಂಟೆ ಮುಟ್ತೀಯಲ್ಲ?” ಎಂದರು ಯಜಮಾನರು.

“ದೇವರಿಗೆ ಆಮೇಲೆ ತಪ್ಪಾಯ್ತು ಅಂತೀನಿ ರೀ. ಇವರಿಗೆ ‘ಆಮೇಲೆ’ ಅನ್ನೋದೇ ಇಲ್ಲ.”

ತಾತನ ಗೇಟಿನ ಮುಂದೆ ನಿಂತು ಬಾರಿಸತೊಡಗಿದೆ. ಗೇಣುದ್ದದ ಕೈಗಂಟೆ, ಎಷ್ಟು ದೂರ ಹೋದೀತು? ಯಜಮಾನರು ನನ್ನನ್ನು ದಾಟಿ ರಸ್ತೆಯುದ್ದಕ್ಕೂ ನಡೆದು ಹೊರಟರು. ಕೋಪ ಬಂದಿರಬೇಕು ಅಂದುಕೊಂಡೆ, ಆದರೂ ಕೈ ನಿಲ್ಲಿಸಲಿಲ್ಲ. ಬೀದಿಯ ಕೊನೆಯ ಅಂಚೆಡಬ್ಬಿಯ ಹತ್ತಿರ ಅವರು ನಿಂತರು. ನನ್ನ ಕಡೆ ತಿರುಗಿ, ಉಣ್ಣೆಯ ಟೋಪಿ ತೆಗೆದು, ಹಾಗೇ ನಿಂತುಕೊಂಡರು.

ಅಲ್ಲಿಯವರೆಗೂ ಕೇಳಿಸಿತ್ತು.